ದಾಳ ಸರಿಯಿದೆಯಾ? ಹಾಕಿ, ಎಣಿಸಿ, ಆಮೇಲೆ ಹೇಳಿ

ಬೇಸಿಗೆ ರಜೆ ಬಂದರೆ ನಮ್ಮ ಮನೆ ತುಂಬ ಮಕ್ಕಳು. ಊಟವಾದ ಮೇಲೆ ಹಜಾರದ ಒಂದು ಕಡೆ ಸೀಮೆಸುಣ್ಣದಲ್ಲಿ ಚೌಕಾಬಾರದ ಮನೆ ಬರೆಯುತ್ತಾರೆ. ಇನ್ನೊಂದು ಕಡೆ ಲೂಡೋ. ಅರ್ಧ ಗಂಟೆಯೊಳಗೆ ಜಗಳ ಶುರು. "ಈ ದಾಳ ಮೋಸದ್ದು, ಆರು ಬಿಟ್ಟು ಬೇರೇನೂ ಬೀಳಲ್ಲ!" ದೊಡ್ಡವರು ಸಾಮಾನ್ಯವಾಗಿ "ಎಲ್ಲ ಅದೃಷ್ಟ, ಸುಮ್ನೆ ಆಡ್ರೋ" ಅಂದುಬಿಡುತ್ತಾರೆ. ನನಗೆ ಆ ಉತ್ತರ ಯಾವತ್ತೂ ಹಿಡಿಸಿಲ್ಲ. ಮಗು ಕೇಳಿದ್ದು ಒಳ್ಳೆಯ ಪ್ರಶ್ನೆ, ಅದಕ್ಕೆ ಉತ್ತರ ಹುಡುಕುವ ದಾರಿಯೂ ಇದೆ. ಒಂದು ನೋಟ್‌ಬುಕ್, ಒಂದು ಪೆನ್ಸಿಲ್, ಎರಡು ಸಂಜೆ, ಹೈಸ್ಕೂಲಿನ ಲೆಕ್ಕ. ಇಷ್ಟು ಸಾಕು.

ಈ ದಾರಿಯನ್ನು ಹೆಜ್ಜೆ ಹೆಜ್ಜೆಯಾಗಿ ಹೇಳುತ್ತೇನೆ. ಮೊದಲು ಲೂಡೋ ದಾಳ. ಅದು ಕೈಗೆ ಹತ್ತಿದ ಮೇಲೆ ಕವಡೆ.

ಮೊದಲು: ಯಾವ ಪ್ರಶ್ನೆ ಕೇಳುತ್ತಿದ್ದೀರಿ?

"ದಾಳ ಸರಿಯಿದೆಯಾ" ಎಂಬ ಮಾತಿನಲ್ಲಿ ಎರಡು ಪ್ರಶ್ನೆ ಬೆರೆತಿರುತ್ತವೆ. ಆರೂ ಮುಖಗಳು ಒಂದೇ ಪ್ರಮಾಣದಲ್ಲಿ ಬೀಳುತ್ತವೆಯೇ ಎಂಬುದು ಒಂದು. ಆಟ ಇಬ್ಬರಿಗೂ ಸಮವಾಗಿದೆಯೇ ಎಂಬುದು ಇನ್ನೊಂದು. ಆರು ಜಾಸ್ತಿ ಬೀಳುವ ದಾಳವನ್ನೇ ಎಲ್ಲರೂ ಹಾಕುತ್ತಿದ್ದರೆ ದಾಳ ವಾಲಿದೆ ನಿಜ, ಆದರೆ ಯಾರಿಗೂ ಅನ್ಯಾಯವಾಗಿಲ್ಲ. ಯಾವ ಪ್ರಶ್ನೆಗೆ ಉತ್ತರ ಬೇಕು ಎಂದು ನೋಟ್‌ಬುಕ್ಕಿನ ಮೊದಲ ಸಾಲಿನಲ್ಲೇ ಬರೆದಿಡಿ.

ಆಮೇಲೆ ದಾಳವನ್ನು ಕೈಯಲ್ಲಿ ಹಿಡಿದು ನೋಡಿ. ಮೂಲೆ ಸವೆದಿದೆಯಾ? ಒಂದು ಅಂಚು ಉದ್ದ ಇದೆಯಾ? ಎದುರುಬದುರು ಮುಖಗಳ ಮೊತ್ತ 7 ಬರುತ್ತದೆಯಾ? ಚುಕ್ಕಿಗಳನ್ನು ಕೊರೆದು ಮಾಡಿದ್ದರೆ ಒಂದು ವಿಷಯ ಗಮನಿಸಿ. ಆರರ ಮುಖದಲ್ಲಿ ಆರು ಗುಳಿ, ಅದರ ಎದುರಿನ ಒಂದರ ಮುಖದಲ್ಲಿ ಒಂದೇ ಗುಳಿ. ಆರರ ಕಡೆ ಸ್ವಲ್ಪ ಹಗುರ. ಹಗುರವಾದ ಕಡೆ ಮೇಲೆ ಬರಲು ನೋಡುತ್ತದೆ. ಕ್ಯಾಸಿನೋಗಳ ದಾಳದಲ್ಲಿ ಈ ಗುಳಿಗಳಿಗೆ ದಾಳದಷ್ಟೇ ತೂಕದ ವಸ್ತು ತುಂಬುವುದು ಇದೇ ಕಾರಣಕ್ಕೆ.

ಉಪ್ಪುನೀರಿನ ಪರೀಕ್ಷೆಯನ್ನೂ ಮಾಡಬಹುದು. ಲೋಟದ ನೀರಿಗೆ ಕರಗುವಷ್ಟೂ ಉಪ್ಪು ಹಾಕಿ ದಾಳ ಬಿಡಿ. ತೇಲಿದರೆ ಬೆರಳಿನಿಂದ ತಿರುಗಿಸಿ ಬಿಡುತ್ತಾ ಇರಿ. ಪ್ರತಿ ಸಲವೂ ಅದೇ ಮುಖ ಮೇಲೆ ಬಂದರೆ ತೂಕ ಒಂದು ಕಡೆ ಇದೆ ಎಂದು ತಿಳಿಯುತ್ತದೆ. ಕೆಲವು ದಾಳ ಎಷ್ಟು ಉಪ್ಪು ಹಾಕಿದರೂ ತೇಲುವುದಿಲ್ಲ. ಆಕಾರದ ದೋಷವೂ ಇದರಲ್ಲಿ ಸಿಗುವುದಿಲ್ಲ. ಹಾಗಾಗಿ ಇದನ್ನು ಸುಳಿವು ಎಂದು ಇಟ್ಟುಕೊಳ್ಳಿ, ತೀರ್ಪಿಗೆ ಎಣಿಕೆಯೇ ಬೇಕು.

ಎಷ್ಟು ಸಲ ಹಾಕಬೇಕು? ಹಾಕುವ ಮೊದಲೇ ಬರೆದಿಡಿ

ಹೆಚ್ಚಿನವರು ಎಡವುವುದು ಇಲ್ಲೇ. 30 ಸಲ ಹಾಕಿ ನೋಡುತ್ತಾರೆ. ಆರು ಜಾಸ್ತಿ ಕಂಡರೆ "ನೋಡಿದ್ರಾ!" ಎಂದು ನಿಲ್ಲಿಸುತ್ತಾರೆ, ಕಾಣದಿದ್ದರೆ ಇನ್ನಷ್ಟು ಹಾಕುತ್ತಾರೆ. ಹೀಗೆ ಬೇಕಾದ ಉತ್ತರ ಬರುವವರೆಗೆ ಹಾಕಿದರೆ ಎಂಥ ಒಳ್ಳೆಯ ದಾಳವೂ ಒಂದಲ್ಲ ಒಂದು ಹಂತದಲ್ಲಿ ಮೋಸದ್ದಾಗಿ ಕಾಣುತ್ತದೆ. ಆದ್ದರಿಂದ ಎಷ್ಟು ಸಲ ಹಾಕುತ್ತೇವೆ ಎಂಬುದನ್ನು ಮೊದಲೇ ಬರೆದು, ಅಷ್ಟು ಮುಗಿಯುವವರೆಗೆ ಲೆಕ್ಕ ಕೂಡಲೇಬಾರದು.

ಸಂಖ್ಯೆ ಎಷ್ಟಿರಬೇಕು? ಇದಕ್ಕೆ ಸಹಜ ಓಲಾಟ ಎಷ್ಟು ಎಂದು ತಿಳಿಯಬೇಕು. ಸರಿಯಾದ ದಾಳವನ್ನು 60 ಸಲ ಹಾಕಿದರೆ ಆರು ಸರಿಯಾಗಿ 10 ಸಲವೇ ಬೀಳಬೇಕೆಂದೇನೂ ಇಲ್ಲ, ಆಚೀಚೆ ಆಗುತ್ತದೆ. ಎಷ್ಟು ಆಚೀಚೆ ಎನ್ನುವುದಕ್ಕೆ ಒಂದು ಸೂತ್ರವಿದೆ. ಹಾಕಿದ ಸಂಖ್ಯೆಯನ್ನು ಬೀಳುವ ಸಾಧ್ಯತೆಯಿಂದ ಗುಣಿಸಿ, ಬೀಳದಿರುವ ಸಾಧ್ಯತೆಯಿಂದಲೂ ಗುಣಿಸಿ, ವರ್ಗಮೂಲ ತೆಗೆಯಿರಿ. ಪಠ್ಯಪುಸ್ತಕದ ಮಾತಿನಲ್ಲಿ ಇದು ಮಾನಕ ವಿಚಲನೆ. ನಾನು ಇದನ್ನು ಒಂದು ಓಲಾಟ ಎನ್ನುತ್ತೇನೆ. ಸರಿಯಾದ ದಾಳದ ಎಣಿಕೆ 100ರಲ್ಲಿ ಸುಮಾರು 95 ಸಲ ಎರಡು ಓಲಾಟದೊಳಗೇ ಇರುತ್ತದೆ.

60 ಸಲ ಹಾಕಿದರೆ 60 × 1/6 × 5/6ರ ವರ್ಗಮೂಲ, ಅಂದರೆ ಒಂದು ಓಲಾಟ ಸುಮಾರು 2.9. ಅಂದರೆ ಆರು 5ರಿಂದ 15ರವರೆಗೆ ಎಷ್ಟು ಸಲ ಬಿದ್ದರೂ ಅಚ್ಚರಿಯಿಲ್ಲ. 5 ಎಲ್ಲಿ, 15 ಎಲ್ಲಿ! ಮೂರು ಪಟ್ಟು ವ್ಯತ್ಯಾಸ. ಮಕ್ಕಳ ಜಗಳವೆಲ್ಲ ಈ ಅಂತರದಲ್ಲೇ ನಡೆಯುತ್ತದೆ. 600 ಸಲ ಹಾಕಿದರೆ ಓಲಾಟ 9.1, ಆಗ 82ರಿಂದ 118. 6,000 ಸಲ ಹಾಕಿದರೆ ಓಲಾಟ 29, ಆಗ 942ರಿಂದ 1,058. ಹಾಕುವುದು ನೂರು ಪಟ್ಟು ಆದಾಗ ಓಲಾಟ ಹತ್ತೇ ಪಟ್ಟು ಆಗುತ್ತದೆ. ಹಾಗಾಗಿಯೇ ಜಾಸ್ತಿ ಹಾಕಿದಷ್ಟೂ ಚಿತ್ರ ಸ್ಪಷ್ಟ.

ಒಂದು ದಾಳದಲ್ಲಿ ಆರು ಶೇ. 16.7ರ ಬದಲು ಶೇ. 20ರಷ್ಟು ಬೀಳುತ್ತದೆ ಎಂದುಕೊಳ್ಳೋಣ. ಆಟದಲ್ಲಿ ಇದು ಸಣ್ಣ ವಿಷಯವಲ್ಲ. 120 ಸಲ ಹಾಕಿದರೆ 20ರ ಬದಲು ಸರಾಸರಿ 24 ಬೀಳುತ್ತದೆ. ಓಲಾಟವೇ 4, ಹಾಗಾಗಿ ವಾಲಿರುವುದು ಅದರೊಳಗೆ ಮುಚ್ಚಿಹೋಗುತ್ತದೆ. 600ರಲ್ಲಿ 100ರ ಬದಲು 120, ಓಲಾಟ 9. ಈಗ ಕಾಣಲು ಶುರುವಾಯಿತು. 1,200ರಲ್ಲಿ 200ರ ಬದಲು 240, ಓಲಾಟ 13. ಈಗ ತಪ್ಪಿಸಿಕೊಳ್ಳುವುದು ಕಷ್ಟ. ಮನೆಯ ಪರೀಕ್ಷೆಗೆ 600ಕ್ಕಿಂತ ಕಡಿಮೆ ಬೇಡ, ಆದರೆ 1,200 ಹಾಕಿ ಎಂದು ನಾನು ಹೇಳುವುದು ಇದಕ್ಕೇ.

ಹಾಕುವ ರೀತಿ

ದಾಳವನ್ನು ಲೋಟದಲ್ಲಿ ಕುಲುಕಿ, ಗಟ್ಟಿ ನೆಲದ ಮೇಲೆ, ಗೋಡೆಗೆ ತಾಗಿ ವಾಪಸ್ ಬರುವ ಹಾಗೆ ಹಾಕಿ. ಕೈಯಿಂದ ಮೆಲ್ಲಗೆ ಜಾರಿಸಿದರೆ ನೀವು ಪರೀಕ್ಷೆ ಮಾಡುತ್ತಿರುವುದು ನಿಮ್ಮ ಕೈಯನ್ನು.

ನಾಣ್ಯದಲ್ಲಿ ಇದು ಚೆನ್ನಾಗಿ ಗೊತ್ತಾಗಿದೆ. ಅಮೆರಿಕದ ಗಣಿತಜ್ಞ ಪರ್ಸಿ ಡಯಾಕೊನಿಸ್ ಮತ್ತು ಜೊತೆಗಾರರು 2007ರಲ್ಲಿ ಒಂದು ಲೆಕ್ಕ ಕೊಟ್ಟರು. ಬೆರಳಿನಿಂದ ಚಿಮ್ಮಿದ ನಾಣ್ಯ, ಚಿಮ್ಮುವಾಗ ಮೇಲಿದ್ದ ಮುಖವನ್ನೇ ಮೇಲೆ ಮಾಡಿಕೊಂಡು ಬೀಳುವುದು ಶೇ. 50ಕ್ಕಿಂತ ಸ್ವಲ್ಪ ಜಾಸ್ತಿ, ಸುಮಾರು ಶೇ. 51 ಎಂದು. 2023ರಲ್ಲಿ ಸಂಶೋಧಕರ ಒಂದು ದೊಡ್ಡ ಗುಂಪು 3,50,757 ಸಲ ನಾಣ್ಯ ಚಿಮ್ಮಿ ಎಣಿಸಿತು. ಬಂದದ್ದು ಶೇ. 50.8. ಅಲ್ಲಿ ವಾಲಿದ್ದದ್ದು ನಾಣ್ಯವಲ್ಲ, ಚಿಮ್ಮುವ ಕ್ರಿಯೆ. ಆದ್ದರಿಂದ ನಾಣ್ಯ ಪರೀಕ್ಷಿಸುವವರು ಅರ್ಧ ಸಲ ಹೆಡ್ಸ್ ಮೇಲಿಟ್ಟು, ಅರ್ಧ ಸಲ ಟೇಲ್ಸ್ ಮೇಲಿಟ್ಟು ಚಿಮ್ಮಬೇಕು.

ಮಂಚದ ಕೆಳಗೆ ಉರುಳಿದರೆ? ಚಾಪೆಯ ಅಂಚಿಗೆ ಓರೆಯಾಗಿ ನಿಂತರೆ? ಏನು ಮಾಡುತ್ತೀರಿ ಎಂದು ಮೊದಲೇ ತೀರ್ಮಾನಿಸಿ. "ಓರೆ ನಿಂತರೆ ಲೆಕ್ಕಕ್ಕಿಲ್ಲ, ಮಂಚದ ಕೆಳಗೆ ಹೋದರೆ ಲೆಕ್ಕಕ್ಕುಂಟು" ಎಂದು ಬರೆದಿಟ್ಟರೆ ಆಯಿತು. ಬಿದ್ದ ಮುಖ ನೋಡಿ ನಿಯಮ ಮಾಡಬಾರದು, ಅಷ್ಟೇ.

ಒಬ್ಬರು ಹಾಕಿ ಜೋರಾಗಿ ಹೇಳಲಿ, ಇನ್ನೊಬ್ಬರು ಬರೆಯಲಿ. ಬಿದ್ದ ಕ್ರಮದಲ್ಲೇ ಬರೆಯಿರಿ: 3, 6, 1, 1, 5... ಬರೀ ಗೀಟು ಎಳೆದರೆ ಮೊತ್ತ ಸಿಗುತ್ತದೆ, ಕ್ರಮ ಕಳೆದುಹೋಗುತ್ತದೆ. ಮುಂದೆ ಕ್ರಮವೂ ಬೇಕಾಗುತ್ತದೆ. ಬೇಗ ಮುಗಿಸಲು ನಾಲ್ಕು ದಾಳ ಒಟ್ಟಿಗೆ ಹಾಕುವುದಾದರೆ ನಾಲ್ಕೂ ಬೇರೆ ಬೇರೆ ಬಣ್ಣದ್ದಾಗಿರಲಿ, ಒಂದೊಂದಕ್ಕೂ ಬೇರೆ ಕಾಲಂ ಇರಲಿ. ಬೆರೆಸಿದರೆ ಒಂದರ ದೋಷ ಉಳಿದ ಮೂರರಲ್ಲಿ ಕರಗಿಹೋಗುತ್ತದೆ.

ಈಗ ಲೆಕ್ಕ: ಆರೂ ಮುಖ ಒಟ್ಟಿಗೆ

ಅಂಕಿಗಳು ಸುಲಭವಾಗಲಿ ಎಂದು ಸಣ್ಣ ಉದಾಹರಣೆ ತೆಗೆದುಕೊಳ್ಳುತ್ತೇನೆ. 120 ಸಲ ಹಾಕಿದಿರಿ, ಒಂದರಿಂದ ಆರರವರೆಗೆ ಕ್ರಮವಾಗಿ 14, 17, 22, 18, 20, 29 ಬಂತು ಎಂದುಕೊಳ್ಳಿ. ಪ್ರತಿ ಮುಖವೂ 20 ಬರಬೇಕಿತ್ತು. ಆರು 29 ಸಲ, ಒಂದು ಬರೀ 14 ಸಲ! ಮೇಲ್ನೋಟಕ್ಕೆ ಮೋಸವೇ ಅನ್ನಿಸುತ್ತದೆ, ಅಲ್ವಾ?

ಪ್ರತಿ ಮುಖಕ್ಕೂ ಬಂದದ್ದಕ್ಕೂ ಬರಬೇಕಾದದ್ದಕ್ಕೂ ಇರುವ ವ್ಯತ್ಯಾಸ ತೆಗೆಯಿರಿ: 6, 3, 2, 2, 0, 9. ವರ್ಗ ಮಾಡಿ: 36, 9, 4, 4, 0, 81. ಕೂಡಿದರೆ 134. ಬರಬೇಕಾದ 20ರಿಂದ ಭಾಗಿಸಿ: 6.7. ಇದೇ ಕೈ-ಸ್ಕ್ವೇರ್ ಎಂಬ ಅಂಕಿ. ಎಲ್ಲ ಮುಖಗಳೂ ಸೇರಿ ಒಟ್ಟು ಎಷ್ಟು ದೂರ ಸರಿದಿವೆ ಎಂಬುದನ್ನು ಒಂದೇ ಸಂಖ್ಯೆಯಲ್ಲಿ ಹೇಳುತ್ತದೆ. ವರ್ಗ ಮಾಡುವುದರಿಂದ ಹೆಚ್ಚು-ಕಡಿಮೆ ಒಂದನ್ನೊಂದು ಅಳಿಸುವುದಿಲ್ಲ.

6.7 ದೊಡ್ಡದೋ ಚಿಕ್ಕದೋ? ಆರು ಮುಖದ ದಾಳಕ್ಕೆ ಗಡಿ 11.07. ದೋಷವೇ ಇಲ್ಲದ ದಾಳಗಳಿಂದ 100 ಸಲ ಇದೇ ಪ್ರಯೋಗ ಮಾಡಿದರೆ ಸುಮಾರು 5 ಸಲ ಮಾತ್ರ ಈ ಅಂಕಿ 11.07 ದಾಟುತ್ತದೆ. 15.09 ದಾಟುವುದು ಒಂದೇ ಸಲ. ನಮ್ಮ 6.7 ಗಡಿಯ ಒಳಗಿದೆ. ಈ 120 ಹಾಕಿದ್ದರಿಂದ ದಾಳ ಕೆಟ್ಟದ್ದು ಎನ್ನುವಂತಿಲ್ಲ. ನಾಣ್ಯಕ್ಕೆ ಎರಡೇ ಮುಖ, ಅದರ ಗಡಿ 3.84. ಐದು ಬಗೆಯ ಫಲಿತಾಂಶವಿದ್ದರೆ 9.49. ಎಲ್ಲಕ್ಕೂ ಒಂದೇ ಷರತ್ತು. ಪ್ರತಿ ಬಗೆಯೂ ಕನಿಷ್ಠ 5 ಸಲ ಬರಬೇಕಾದಷ್ಟು ಪ್ರಯೋಗ ಮಾಡಿರಬೇಕು.

ಈ ಪರೀಕ್ಷೆಯನ್ನು 1900ರಲ್ಲಿ ಕೊಟ್ಟವರು ಇಂಗ್ಲೆಂಡಿನ ಸಂಖ್ಯಾಶಾಸ್ತ್ರಜ್ಞ ಕಾರ್ಲ್ ಪಿಯರ್ಸನ್. ಮುಂದೆ 1948ರಲ್ಲಿ ಸಿ. ಆರ್. ರಾವ್ ಸ್ಕೋರ್ ಟೆಸ್ಟ್ ಎಂಬ ಇನ್ನೂ ವಿಶಾಲವಾದ ಪರೀಕ್ಷೆ ಕೊಟ್ಟರು. ಪಿಯರ್ಸನ್ ಅವರ ಲೆಕ್ಕ ಅದರೊಳಗಿನ ಒಂದು ಪ್ರಕರಣವಾಗಿ ಸಿಗುತ್ತದೆ. ರಾವ್ ಹುಟ್ಟಿದ್ದು 1920ರಲ್ಲಿ, ನಮ್ಮ ಹೂವಿನಹಡಗಲಿಯಲ್ಲಿ. ಮಕ್ಕಳಿಗೆ ಈ ಲೆಕ್ಕ ಹೇಳಿಕೊಡುವಾಗ ನಾನು ಇದನ್ನೂ ತಪ್ಪದೆ ಹೇಳುತ್ತೇನೆ.

"ಆದರೆ ಆರು 29 ಬಂತಲ್ಲ?"

ಈ ಪ್ರಶ್ನೆ ಬಂದೇ ಬರುತ್ತದೆ. ಆರನ್ನು ಮಾತ್ರ ನೋಡಿದರೆ ಓಲಾಟ 4.1, ಹೆಚ್ಚು ಬಂದದ್ದು 9. ಎರಡು ಓಲಾಟ ದಾಟಿದೆ. ಹಾಗಾದರೆ ಮೋಸ ಅಲ್ಲವೇ?

ಮೋಸ ಎನ್ನುವ ಹಾಗಿಲ್ಲ. ಆರು ಎಂಬ ಮುಖವನ್ನು ನೀವು ಆರಿಸಿದ್ದು ಫಲಿತಾಂಶ ನೋಡಿದ ಮೇಲೆ. ಮೂರು 29 ಸಲ ಬಿದ್ದಿದ್ದರೆ ಮೂರನ್ನು ತೋರಿಸುತ್ತಿದ್ದಿರಿ. ಆರು ಮುಖಗಳಲ್ಲಿ ಯಾವುದೋ ಒಂದು ಎರಡು ಓಲಾಟ ದಾಟುವುದು ಅಪರೂಪವೇನಲ್ಲ.

ಹಾಗೆಂದು ಅನುಮಾನವನ್ನು ಬಿಸಾಡಬೇಕಿಲ್ಲ. ಹಳೆಯ 120ನ್ನು ಪಕ್ಕಕ್ಕಿಡಿ. ಹೊಸ ಪುಟದಲ್ಲಿ "ಆರು ಜಾಸ್ತಿ ಬೀಳುತ್ತದೆಯೇ? 600 ಸಲ ಹಾಕುತ್ತೇವೆ" ಎಂದು ಬರೆದು ಹೊಸದಾಗಿ ಹಾಕಿ. ಈಗ ಪ್ರಶ್ನೆ ಮೊದಲು, ಉತ್ತರ ಆಮೇಲೆ. ಹೊಸ 600ರಲ್ಲಿ ಆರು 108 ಸಲ ಬಂದರೆ ಅನುಮಾನ ಬಿಡಿ. 131 ಬಂದರೆ ಅದು 3.4 ಓಲಾಟದಷ್ಟು ದೂರ, ಸಾವಿರಕ್ಕೆ ಒಂದು ಸಲವೂ ಸಿಗದಷ್ಟು ಅಪರೂಪ. ಆಗ ಆ ದಾಳವನ್ನು ಪೆಟ್ಟಿಗೆಯಿಂದ ತೆಗೆದಿಡಿ. ಈ ಎರಡನೇ ಸುತ್ತಿನ ಅಭ್ಯಾಸ ಒಂದಿದ್ದರೆ ಅರ್ಧ ತಪ್ಪು ತೀರ್ಪುಗಳು ಇರುವುದೇ ಇಲ್ಲ.

ನಿಜವಾಗಿ ವಾಲಿದ ದಾಳ ಹೇಗೆ ಕಾಣುತ್ತದೆ

ಜ್ಯೂರಿಕ್‌ನ ಖಗೋಳ ವಿಜ್ಞಾನಿ ರುಡಾಲ್ಫ್ ವುಲ್ಫ್ ಸೂರ್ಯನ ಕಲೆಗಳನ್ನು ಎಣಿಸಿ ಹೆಸರಾದವರು. ಅವರು 19ನೇ ಶತಮಾನದಲ್ಲಿ ಎರಡು ದಾಳಗಳನ್ನು 20,000 ಸಲ ಹಾಕಿ ಬರೆದಿಟ್ಟರು. ಒಂದು ದಾಳದ ಎಣಿಕೆ, ಒಂದರಿಂದ ಆರರವರೆಗೆ, ಹೀಗಿದೆ: 3,246, 3,449, 2,897, 2,841, 3,635, 3,932. ಪ್ರತಿಯೊಂದೂ ಸುಮಾರು 3,333 ಬರಬೇಕಿತ್ತು. ಮೇಲಿನ ಲೆಕ್ಕವನ್ನೇ ಇಲ್ಲಿ ಮಾಡಿದರೆ ಕೈ-ಸ್ಕ್ವೇರ್ ಸುಮಾರು 271. ಗಡಿ 11.07. ಇಲ್ಲಿ ವಾದವೇ ಉಳಿಯುವುದಿಲ್ಲ.

ನನಗೆ ಇನ್ನೂ ಇಷ್ಟವಾದದ್ದು ಮುಂದಿನ ಮಾತು. ಭೌತವಿಜ್ಞಾನಿ ಇ. ಟಿ. ಜೇನ್ಸ್ ಈ ಅಂಕಿಗಳನ್ನು ಹಿಡಿದು ದಾಳದಲ್ಲಿ ಏನು ದೋಷವಿತ್ತು ಎಂಬುದನ್ನೇ ಊಹಿಸಿದರು. ಮೂರು ಮತ್ತು ನಾಲ್ಕು ಎರಡೂ ಕಡಿಮೆ. ಅವು ಎದುರುಬದುರು ಮುಖಗಳು. ಅಂದರೆ ದಾಳ ಆ ದಿಕ್ಕಿನಲ್ಲಿ ತುಸು ಉದ್ದವಿದ್ದಿರಬೇಕು. ನಿಲ್ಲಿಸಿದ ಇಟ್ಟಿಗೆ ಬೀಳುವ ಹಾಗೆ ಅದು ತುದಿಯ ಮೇಲೆ ನಿಲ್ಲಲು ಒಲ್ಲದು. ಇನ್ನು ಆರು ಒಂದಕ್ಕಿಂತ ಹೆಚ್ಚು, ಐದು ಎರಡಕ್ಕಿಂತ ಹೆಚ್ಚು. ಅದು ಚುಕ್ಕಿ ಕೊರೆದ ಗುಳಿಗಳ ಕೆಲಸ. ಹಾಗಾಗಿ ನಿಮ್ಮ ದಾಳ ಗಡಿ ದಾಟಿದರೆ ಅಲ್ಲಿಗೆ ನಿಲ್ಲಿಸಬೇಡಿ. ಯಾವ ಜೋಡಿ ಕಡಿಮೆ, ಯಾವ ಕಡೆ ಹೆಚ್ಚು ಎಂದು ನೋಡಿ, ದಾಳವನ್ನು ಮತ್ತೆ ಕೈಯಲ್ಲಿ ಹಿಡಿದು ಅಳೆಯಿರಿ. ಎಣಿಕೆಯೂ ಅಳತೆಯೂ ಒಂದೇ ಮಾತು ಹೇಳಿದರೆ ನಂಬಿಕೆ ಗಟ್ಟಿಯಾಗುತ್ತದೆ.

ಇದಕ್ಕೆ ಪೂರ್ತಿ ಬೇರೆಯ ಉದಾಹರಣೆ ವೆಲ್ಡನ್ ಅವರದು. ಇಂಗ್ಲೆಂಡಿನ ಈ ಜೀವವಿಜ್ಞಾನಿ 12 ದಾಳಗಳನ್ನು 26,306 ಸಲ ಹಾಕಿದ ಲೆಕ್ಕವನ್ನು 1894ರಲ್ಲಿ ಪತ್ರದಲ್ಲಿ ಬರೆದರು. ಒಟ್ಟು 3,15,672 ದಾಳಗಳಲ್ಲಿ ಐದು ಅಥವಾ ಆರು ಬಿದ್ದದ್ದು 1,06,602 ಸಲ. ಶೇ. 33.33 ಬರಬೇಕಿತ್ತು, ಬಂದದ್ದು ಶೇ. 33.77. ಐದು ಓಲಾಟಕ್ಕಿಂತ ದೂರ, ಹಾಗಾಗಿ ದಾಳಗಳು ವಾಲಿದ್ದದ್ದು ಖಂಡಿತ. ಆದರೆ ಆ ದಾಳದಲ್ಲಿ ಜೀವನವಿಡೀ ಲೂಡೋ ಆಡಿದರೂ ಯಾರಿಗೂ ಗೊತ್ತಾಗುತ್ತಿರಲಿಲ್ಲ. ವಾಲಿದೆ ಎಂದು ಕಂಡುಹಿಡಿಯುವುದು ಒಂದು, ಅದು ಆಟಕ್ಕೆ ತಾಗುತ್ತದೆಯೇ ಎಂಬುದು ಇನ್ನೊಂದು. ಎರಡನ್ನೂ ಬೇರೆ ಬೇರೆ ಬರೆಯಿರಿ.

ಕ್ರಮವನ್ನೂ ನೋಡಿ

ನಾಣ್ಯವನ್ನು 100 ಸಲ ಚಿಮ್ಮಿದರೆ ಎಲ್ಲಾದರೂ ಒಂದು ಕಡೆ ಒಂದೇ ಮುಖ ಸತತವಾಗಿ 6 ಸಲ ಬರುವ ಸಾಧ್ಯತೆ ಸುಮಾರು ಶೇ. 80. ಅಂದರೆ ಸತತ ಆರು ಹೆಡ್ಸ್ ಬಂದರೆ ಗಾಬರಿಯಾಗಬೇಕಿಲ್ಲ. ಬರದಿದ್ದರೆ ಒಮ್ಮೆ ನೋಟ್‌ಬುಕ್ ಕಡೆ ನೋಡಿ. ಮಕ್ಕಳು ಬೇಜಾರಾಗಿ ಮನಸ್ಸಿಗೆ ತೋಚಿದಂತೆ ಬರೆದ ಪಟ್ಟಿಯಲ್ಲಿ ಉದ್ದದ ಸಾಲುಗಳು ಇರುವುದೇ ಇಲ್ಲ. ಮೊತ್ತಗಳೂ ತೀರಾ ಸಮವಾಗಿರುತ್ತವೆ. 120ರಲ್ಲಿ ಆರೂ ಮುಖ 19, 20, 21 ಎಂದು ಬಂದಿದ್ದರೆ ಕೈ-ಸ್ಕ್ವೇರ್ 1ಕ್ಕಿಂತಲೂ ಕಡಿಮೆ. ನಿಜವಾದ ದಾಳ ಅಷ್ಟು ಒಪ್ಪವಾಗಿ ಬೀಳುವುದು ಅಪರೂಪ.

ಚೀಟಿ ಎತ್ತುವುದರಲ್ಲಿ ಕ್ರಮವೇ ಮುಖ್ಯ. 1969ರ ಡಿಸೆಂಬರ್ 1ರಂದು ಅಮೆರಿಕದಲ್ಲಿ ವಿಯೆಟ್ನಾಂ ಯುದ್ಧಕ್ಕೆ ಯುವಕರನ್ನು ಕರೆಸಲು ಹುಟ್ಟಿದ ದಿನದ 366 ಚೀಟಿ ಎತ್ತಿದರು. ಬೇಗ ಬಂದ ದಿನದವರಿಗೆ ಮೊದಲು ಕರೆ. ಯಾವ ತಿಂಗಳಿಗಾದರೂ ಸರಾಸರಿ ಸ್ಥಾನ 183ರ ಆಸುಪಾಸು ಇರಬೇಕಿತ್ತು. ಡಿಸೆಂಬರ್‌ನಲ್ಲಿ ಹುಟ್ಟಿದವರ ಸರಾಸರಿ ಸುಮಾರು 121. ಚೀಟಿಗಳನ್ನು ತಿಂಗಳ ಪ್ರಕಾರ ಪೆಟ್ಟಿಗೆಗೆ ಹಾಕಿ, ಸಾಕಷ್ಟು ಕಲಸಿರಲಿಲ್ಲ. ಜೀವದ ಪ್ರಶ್ನೆಯಲ್ಲಿ ಕಲಸುವುದನ್ನು ಕಡೆಗಣಿಸಿದ್ದನ್ನು ಓದಿದಾಗ ನನಗೆ ಇವತ್ತಿಗೂ ಸಂಕಟವಾಗುತ್ತದೆ.

ಕವಡೆ, ಹುಣಸೆ ಬೀಜ

ಚೌಕಾಬಾರದ ನಿಯಮ ಊರಿಂದ ಊರಿಗೆ ಬೇರೆ. ನಮ್ಮಲ್ಲಿ ನಾಲ್ಕು ಕವಡೆ. ಬಾಯಿ ಮೇಲಾಗಿ ಬಿದ್ದಷ್ಟು ಮನೆ. ನಾಲ್ಕೂ ಬಾಯಿ ಮೇಲಾದರೆ ಚೌಕ, ಅಂದರೆ 4. ನಾಲ್ಕೂ ಬೋರಲು ಬಿದ್ದರೆ ಬಾರ, ಅಂದರೆ 8. ಎರಡಕ್ಕೂ ಇನ್ನೊಂದು ಆಟ ಸಿಗುತ್ತದೆ. ಕವಡೆ ಇಲ್ಲದಿದ್ದರೆ ಹುಣಸೆ ಬೀಜದ ಒಂದು ಮಗ್ಗುಲನ್ನು ಕಲ್ಲಿಗೆ ಉಜ್ಜಿ ಬಿಳಿ ಮಾಡಿಕೊಳ್ಳುತ್ತೇವೆ.

ಬಾಯಿ-ಬೋರಲು ಸಮ ಎಂದು ಇಟ್ಟುಕೊಂಡರೆ 160 ಸಲ ಹಾಕಿದಾಗ 1, 2, 3, ಚೌಕ, ಬಾರ ಕ್ರಮವಾಗಿ 40, 60, 40, 10, 10 ಬರಬೇಕು. ಈ ಐದಕ್ಕೆ ಕೈ-ಸ್ಕ್ವೇರ್ ಹಾಕಿ, ಪ್ರತಿಯೊಂದನ್ನೂ ಅದರದರ ಬರಬೇಕಾದ ಸಂಖ್ಯೆಯಿಂದಲೇ ಭಾಗಿಸಿ ಕೂಡಿ, 9.49ಕ್ಕೆ ಹೋಲಿಸಿ.

ಆದರೆ ಕವಡೆಯ ಬೆನ್ನು ಉಬ್ಬು, ಹೊಟ್ಟೆ ಚಪ್ಪಟೆ. ಅದು ಸಮವಾಗಿ ಬೀಳಬೇಕು ಎಂದು ನಿರೀಕ್ಷಿಸಲು ಕಾರಣವೇ ಇಲ್ಲ. ಬಾಯಿ ಮೇಲಾಗುವುದು ಶೇ. 40 ಇದ್ದರೆ ಏನಾಗುತ್ತದೆ ನೋಡಿ. 160ರಲ್ಲಿ ಬಾರ ಸುಮಾರು 21, ಚೌಕ ಬರೀ 4. ಒಂದು ಕವಡೆಯಲ್ಲಿ 60-40ರ ಸಣ್ಣ ವಾಲು, ನಾಲ್ಕು ಸೇರಿದಾಗ ಐದು ಪಟ್ಟಾಗುತ್ತದೆ. ಒಂದೂವರೆಯನ್ನು ನಾಲ್ಕು ಸಲ ಗುಣಿಸಿದರೆ ಐದು ಚಿಲ್ಲರೆ, ಅದೇ ಕಾರಣ. ಹಾಗಾಗಿ ಕವಡೆ ಹೇಗಿದೆ ಎಂದು ಬೇಗ ಅಂದಾಜು ಬೇಕಿದ್ದರೆ ಬಾರ ಎಷ್ಟು, ಚೌಕ ಎಷ್ಟು ಎಂದು ಹೋಲಿಸಿ. ಖಚಿತ ಬೇಕಿದ್ದರೆ ಪ್ರತಿ ಕವಡೆಗೂ ಪೆನ್ಸಿಲ್‌ನಲ್ಲಿ ಗುರುತು ಹಾಕಿ, ಒಂದೊಂದರ ಬಾಯಿ-ಬೋರಲು ಬೇರೆಯಾಗಿ ಬರೆಯಿರಿ. ನಾಲ್ಕರಲ್ಲಿ ಒಂದು ಮಾತ್ರ ವಿಚಿತ್ರವಾಗಿರುವುದು ಉಂಟು.

ಇಲ್ಲಿ ಮೊದಲ ಸಾಲಿನ ಪ್ರಶ್ನೆಗೆ ವಾಪಸ್ ಬನ್ನಿ. ಕವಡೆ ವಾಲಿದ್ದರೂ ಎಲ್ಲರೂ ಅದೇ ನಾಲ್ಕನ್ನು ಹಾಕಿದರೆ ಆಟ ಸಮವೇ. ಜಗಳ ನಿಜವಾಗಿ ಇರುವುದು "ಅವಳ ಕೈಗೆ ಬಾರ ಬೀಳುತ್ತೆ, ನನಗೆ ಬೀಳಲ್ಲ" ಎಂಬಲ್ಲಿ. ಇಬ್ಬರೂ ಅದೇ ಕವಡೆಗಳನ್ನು 160 ಸಲ ಹಾಕಲಿ. ಇಬ್ಬರ ಬಾರದ ಎಣಿಕೆಯ ವ್ಯತ್ಯಾಸವನ್ನು ವರ್ಗ ಮಾಡಿ, ಎರಡರ ಮೊತ್ತದಿಂದ ಭಾಗಿಸಿ, 3.84ಕ್ಕೆ ಹೋಲಿಸಿ. 18 ಮತ್ತು 13 ಬಂದರೆ 25 ಭಾಗಿಸು 31, ಅಂದರೆ 0.8. ಇದರಲ್ಲಿ ಏನೂ ಇಲ್ಲ. 22 ಮತ್ತು 9 ಬಂದರೆ 169 ಭಾಗಿಸು 31, ಅಂದರೆ 5.45. ಆಗ ಹಾಕುವ ಕೈಯನ್ನು ಗಮನಿಸಬೇಕು. ಕವಡೆಗಳನ್ನು ಅಂಗೈಯಲ್ಲಿ ಜೋಡಿಸಿ ಜಾರಿಸುವವರಿರುತ್ತಾರೆ. ಇಬ್ಬರೂ ಲೋಟದಲ್ಲಿ ಕುಲುಕಿ ಹಾಕಲಿ ಎಂದು ನಿಯಮ ಮಾಡಿ, ಮತ್ತೆ 160 ಹಾಕಿಸಿ.

ತೀರ್ಪನ್ನು ಹೇಗೆ ಬರೆಯಬೇಕು

ಗಡಿ ದಾಟದಿದ್ದರೆ "ದಾಳ ಸರಿಯಿದೆ ಎಂದು ಸಾಬೀತಾಯಿತು" ಎಂದು ಬರೆಯಬೇಡಿ. "1,200 ಸಲ ಹಾಕಿದೆವು, ವಾಲಿದೆ ಎನ್ನಲು ಆಧಾರ ಸಿಗಲಿಲ್ಲ" ಎಂದು ಬರೆಯಿರಿ. ಸಣ್ಣ ದೋಷ ಅಷ್ಟು ಎಣಿಕೆಗೆ ಸಿಗದೆ ಉಳಿದಿರಬಹುದು. ಗಡಿ ದಾಟಿದರೂ ಆತುರ ಬೇಡ. 11.07 ಎಂಬ ಗಡಿ ಇಟ್ಟುಕೊಂಡರೆ 20 ಒಳ್ಳೆಯ ದಾಳಗಳಲ್ಲಿ ಸರಾಸರಿ ಒಂದಾದರೂ ಸುಮ್ಮನೆ ಸಿಕ್ಕಿಬೀಳುತ್ತದೆ. ಅಂಗಡಿಯಿಂದ 20 ದಾಳ ತಂದು ಪರೀಕ್ಷಿಸಿ, ಸಿಕ್ಕಿಬಿದ್ದ ಒಂದನ್ನು ತೋರಿಸಿ ಅಂಗಡಿಯವರನ್ನು ಬೈಯುವುದು ತಪ್ಪು. ಆ ಒಂದನ್ನೇ ತೆಗೆದುಕೊಂಡು ಇನ್ನೊಂದು 1,200 ಸಲ ಹಾಕಿ ನೋಡಿ.

ನೋಟ್‌ಬುಕ್ಕಿನ ಆ ಪುಟದಲ್ಲಿ ತಾರೀಖು, ಹಾಕಿದವರ ಹೆಸರು, ಎಲ್ಲಿ ಹಾಕಿದ್ದು, ಲೋಟವೋ ಕೈಯೋ, ಒಟ್ಟು ಎಷ್ಟು, ಪ್ರತಿ ಮುಖದ ಎಣಿಕೆ, ಕೈ-ಸ್ಕ್ವೇರ್ ಎಷ್ಟು ಎಂದು ಬರೆದು ದಾಳದ ಪೆಟ್ಟಿಗೆಯಲ್ಲೇ ಇಡಿ. ಮುಂದಿನ ರಜೆಯಲ್ಲಿ ಜಗಳ ಬಂದಾಗ ಅದೇ ಪುಟದ ಕೆಳಗಿಂದ ಮುಂದುವರಿಸಬಹುದು.